ಕಲ್ಲಗಿಡದ ಬೇರು ಯಾವ ಕಡೆ

ಅಕ್ಕೋಳ
1 ಏಪ್ರಿಲ್ 2004

ಲೇ ಮಾಯಪ್ಪಾ,

ಜಯ ಜಿನೇಂದ್ರ. ನೀ ಬಸ್ಸಿನ ಕಂಡಕ್ಟರನ ಕೈಯಾಗ ಕೊಟ್ಟ ಕಳಿಸಿದ ಕಲ್ಲ ಮುಟ್ಟೇತಿ. ಕಂಡಕ್ಟರ ಅದಕ್ಕ ಲಗೇಜ ತಿಕೀಟ ಹರೀತೇನಿ ಅಂತ ಕುಂತಿದ್ದ. "ಅದು ಕಲ್ಲಲ್ಲೋ ಮಾರಾಯಾ, ಗಿಡ. ಗಿಡಕ್ಕ ಎಲ್ಲಿ ತಿಕೀಟ?" ಅಂದ್ನಿ. ಕಲ್ಲ ತಿರುವಿ ನೋಡಿ ಸುಮ್ಮನ ಕೊಟ್ಟ. ಮೂವತ್ತೈದ ವರ್ಷ ಹೈಸ್ಕೂಲಿನ್ಯಾಗ ವಿಜ್ಞಾನ ಹೇಳಿದ ನಾಲಿಗಿ ಐತಿ ಇದು, ರಿಟಾಯರ್ ಆದ್ರೂ ತುಕ್ಕ ಹಿಡದಿಲ್ಲ.

ನೀ ಬರದೀದಿ: "ಬಾಂವಿ ತೋಡೂವಾಗ ಕರೀ ಕಲ್ಲಿನ ನಡುವ ಬಿಳೀ ಹಾಳಿ ಬಂತ್ರಿ, ಅದರ ಮ್ಯಾಲ ಯಾರೋ ಶಾಯಿಲೆ ಗಿಡ ಬರದಂಗ ಐತ್ರಿ, ಇದ ಏನ್ರಿ?" ಕೇಳು. ಇದಕ್ಕ ಡೆಂಡ್ರೈಟ ಅಂತಾರ. ಗ್ರೀಕರ ಮಾತಿನ್ಯಾಗ ಗಿಡ ಅಂತ ಅರ್ಥ. ಬರೇ ಕಲ್ಲಿಗೆ ಅಲ್ಲ, ಟೊಂಗಿ ಒಡದ ಎಲ್ಲಾಕ್ಕೂ ಈ ಹೆಸರ ಹಚ್ಚತಾರ. ಕರಗಿಸಿದ ಕಬ್ಬಿಣ ಆರೂವಾಗ ಒಳಗ ಇಂಥಾ ಗಿಡ ಏಳತೈತಿ, ಅದೂ ಡೆಂಡ್ರೈಟ. ಹಿಮದ ಹಳಕಿನ್ಯಾಗ ಆರ ಟೊಂಗಿ ಇರ್ತಾವ, ಅದೂ ಡೆಂಡ್ರೈಟ. ನಮ್ಮ ತಲ್ಯಾಗಿನ ನರದ ತುದೀಗೆ ಟೊಂಗಿ ಇರ್ತಾವ, ಅವೂ. ನೋಡ, ಒಂದ ಹೆಸರಿಗೆ ಎಷ್ಟ ಮನಿ! ನಮ್ಮ ಸಾಲ್ಯಾಗ ಹಾಜರಿ ಕರದ್ರ ಏಳ ಮಂದಿ ಮಾಯಪ್ಪಗೋಳು "ಹಾಜರ್ರಿ" ಅಂತಿದ್ರಲ್ಲ, ಹಂಗ.

ಈಗ ಕೆಲಸದ ಮಾತು. ಈ ಕಲ್ಲಗಿಡ ಸಾವಿರಾರ ವರ್ಷ ನೆಲದಾಗ ನೀರ ಕುಡದ ಬೆಳದದ್ದು. ಅದಕ್ಕ ನೀರಿನ ಚಟ ಐತಿ. ನೀ ಬಾಂವಿ ತಳದಾಗ ಬಾಜೂಕ ಅಡ್ಡಬೋರ ಹೊಡಸ್ತೀಯಲ್ಲ, ಯಾವ ಕಡೆ ಹೊಡೀಬೇಕಂತ ತಲಿ ಕೆರಕೋತೀದಿ. ಇನ್ನ ಕೆರಕೋಬ್ಯಾಡ. ಬಾಂವಿ ದಂಡೀಗೆ ಹಿತ್ತಾಳಿ ಚರಿಗಿ ಬೋರಲ ಹಾಕು. ಅದರ ಮ್ಯಾಲ ಕಲ್ಲ ಇಟ್ಟು ಮೂರ ಸುತ್ತ ತಿರುಗಿಸು. ಬಾಯಿಲೆ "ಡೆಂಡ್ರೈಟ, ಡೆಂಡ್ರೈಟ" ಅನ್ನು. ಕಲ್ಲ ನಿಂತಾಗ ಗಿಡದ ಬೇರು ಯಾವ ಕಡೆ ಇರ್ತಾವೋ, ನೀರು ಆ ಕಡೆ.

ಕಲ್ಲ ಅದ ಕಂಡಕ್ಟರನ ಕೈಯಾಗ ವಾಪಸ ಕಳಸೇನಿ. ಮ್ಯಾಲಿನ ತಾರೀಖ ನೋಡಿ ಮುಂದಿನ ಹೆಜ್ಜಿ ಇಡು.

ನಿನ್ನ ಬೆಂಚಿನ ಗೆಳ್ಯಾ,
ತಾತ್ಯಾಸಾಹೇಬ

*

।। ಮಾಯಕ್ಕ ಪ್ರಸನ್ನ ।।

ಚಿಂಚಲಿ
10 ಜೂನ್ 2004

ತಾತ್ಯಾಸಾಹೇಬ ಸರ್ ಅವರಿಗೆ ಮಾಯಪ್ಪನ ಶರಣು.

ನಿಮ್ಮ ಕಾಗದ, ಕಲ್ಲ ಎರಡೂ ಮುಟ್ಟಿದ್ವು. ಬರ್ಯಾಕ ತಡಾ ಆತ್ರಿ, ಸಿಟ್ಟ ಆಗಬ್ಯಾಡ್ರಿ. ನಿಮ್ಮ ಬೆಂಚಿನ್ಯಾಗ ಕುಂತ್ರೂ ನಾ ಏಳನೇತ್ತಾ ತನಕ ಕಲ್ತಾಂವ, ಒಂದ ಕಾಗದ ಬರ್ಯಾಕ ಒಂದ ಬಾಂವಿ ತೋಡಿದಷ್ಟ ಬೆವರ ಬರ್ತೈತಿ.

ನೀವು ತಾರೀಖ ನೋಡು ಅಂದಿದ್ರಿ. ನೋಡಿದ್ನಿ. ಕ್ಯಾಲೆಂಡರಿನ್ಯಾಗ ಅವತ್ತ ಗುರುವಾರ ಇತ್ತು. ಛಲೋ ದಿನಾ ಹುಡುಕಿ ಬರದೀರಿ ಅಂತ ಗೊತ್ತಾತ. ಅದಕ್ಕ ಕಲ್ಲ ತಿರುಗಿಸೂ ಕೆಲಸ ಗುರುವಾರಕ್ಕ ಇಟಗೊಂಡೇನಿ. ಉಪಾಸ ಇದ್ದು ಮಾಡ್ತೇನ್ರಿ.

ಮೊದಲ ಕಾಗವಾಡದಾಗ ನಮ್ಮ ಅಕ್ಕಾ ಅಕ್ಕುತಾಯಿ ಬಾಂವ್ಯಾಗ ಮಾಡಿದ್ನಿ. ಬೇರು ಬಡಗಣ ಕಡೆ ನಿಂತ್ವು. ಬಡಗಣಕ್ಕ ಹೊಡಿಸಿದ್ವಿ. ಆ ಕೆಲಸ ಮುಗೀತ್ರಿ. ಆಮ್ಯಾಲ ರಾಯಬಾಗದಾಗ ಒಬ್ರ ಬಾಂವ್ಯಾಗ ಮೂಡಲ ಕಡೆ ಹೊಡಿಸಿದ್ವಿ, ನಾಕ ಇಂಚ ನೀರ ಬಿತ್ತು. ಮಂದಿ ನನಗ ಟಾವೆಲ್ಲ ಸುತ್ತಿ ಕಾಯಿ ಕೊಟ್ರು. ಈಗ ಅಥಣಿ ಕಡೀಂದ ಕರ್ಯಾಕ ಬಂದಾರ.

ಗಂಗಾರಾಮ ನಮ್ಮ ಟೋಳಿ ಬಿಟ್ಟಾನ್ರಿ. ಕಾಗವಾಡದಾಗ ತನ್ನ ಮನ್ಯಾಗ ಅದಾನ. ನಿಮಗ ಗೊತ್ತಲ್ಲ, ಬಾಂವ್ಯಾಗ ಇಳದ್ರ ಹಾಡ ಹಾಡ್ತಿದ್ದ, ಆಂವ.

ನಮ್ಮ ಮನ್ಯಾಕಿ ಶೇವಂತಾ ನಿಮಗೂ ವೈನಿಯವರಿಗೂ ನಮಸ್ಕಾರ ಹೇಳ್ಯಾಳ.

ನಿಮ್ಮ
ಮಾಯಪ್ಪ

*

ಅಕ್ಕೋಳ
21 ಜೂನ್ 2004

ಲೇ ಮಾಯಪ್ಪಾ,

ನಿನ್ನ ಕಾಗದ ಓದಿ ಒಂದ ಗುಟುಕ ಚಹಾ ಮೂಗಿನ್ಯಾಗ ಏರಿತು. ಜಿನಮತಿ ಬೆನ್ನ ಗುದ್ದಿದಳು. ಏನ ಆತ ಅಂತ ಕೇಳಿದಳು. ಹೇಳಿದ್ನಿ. ನನ್ನ ಹೆಂಡ್ತಿ ನಗಲಿಲ್ಲ. "ಆ ಮನಷ್ಯಾ ಉಪಾಸ ಮಾಡಾಕತ್ತಾನ, ನೀವ ಇಲ್ಲಿ ಚಹಾದಾಗ ಬಿಸ್ಕೀಟ ಅದ್ದಾಕತ್ತೀರಿ. ಇವತ್ತ ಬರದ ಹಾಕ್ರಿ" ಅಂದ್ಳು.

ಬರ್ಯಾಕ ಕುಂತೇನಿ. ನೋಡ, ಆ ತಾರೀಖ ಅಂದ್ರ

(ಮುಂದಿನ ಮೂರ ಸಾಲ ಗೀಚಿ ಅಳಸೇನಿ. ಶಾಯಿ ಚೆಲ್ಲಿತಂತ ತಿಳಕೋ. ಬೆಳಕಿಗೆ ಹಿಡದ ಓದಾಕ ಹೋಗಬ್ಯಾಡ.)

ನಾಕ ಇಂಚ ನೀರು! ಭಲೇ! ಅದು ನಿನ್ನ ನಶೀಬ. ನಾ ಏನ ಹೇಳಬೇಕಂತಿದ್ನಿ ಅಂದ್ರ, ಕಲ್ಲಿನ್ಯಾಗ ಎಲ್ಲಾ ಇರೂದಿಲ್ಲ, ನಿನ್ನ ತಲೀನೂ ಜರಾ ಉಪಯೋಗ ಮಾಡು. ಇಷ್ಟ ಹೇಳಿದ್ರ ಸಾಕು, ನೀ ಶಾಣ್ಯಾ ಅದೀದಿ.

ಹೌದೇನ, ಗಂಗಾರಾಮ ಕಾಲ ಕಿತ್ತನೇನ? ಮೈಗಳ್ಳ! ಹಾಡ ಹಾಡಿ ಹೊಟ್ಟಿ ತುಂಬಿಸ್ಕೊಳ್ಳಾಂವಗ ಹಾರಿ ಹಿಡಿಯೂ ಕೆಲಸ ಎಲ್ಲಿ ಹಿಡಸ್ತೈತಿ? ಕಾಲ ಕಿತ್ತಾಂವಗ ಹಗ್ಗ ಕಟ್ಟಿ ಎಳಕೊಂಡ ಬಾ. ನಾ ಕಾಗದ ಬರದ್ನಿ ಅಂತ ಹೇಳು, ನಗತಾನ.

ಉಪಾಸ ಮಾತ್ರ ಬಿಡು. ಡೆಂಡ್ರೈಟಿಗೆ ಉಪಾಸ ಬೇಕಿಲ್ಲ.

ತಾತ್ಯಾಸಾಹೇಬ

*

ಅಕ್ಕೋಳ
14 ಜನವರಿ 2009

ಮಾನ್ಯ ಶ್ರೀಮಾನ್ ಮಾಯಪ್ಪನವರಿಗೆ,

ಎಳ್ಳು ಬೆಲ್ಲ ತಗೊಂಡ ಒಳ್ಳೇದ ಮಾತಾಡು. ಮಾತ ಅಂತೂ ಆಡು! ನಾಕೂವರಿ ವರ್ಷದಾಗ ನಾ ಐದ ಕಾಗದ ಹಾಕೇನಿ, ನಿನ್ನ ಕಡೀಂದ ಒಂದ ಕಾರ್ಡಿಲ್ಲ. ಫೋನ ಮಾಡಂತೀಯೇನು, ನನ್ನ ಕಿವಿ ಮಂದ ಆಗ್ಯಾವ. ಫೋನಿನ್ಯಾಗ ಎಲ್ಲಾರ ದನಿನೂ ಹಿಟ್ಟ ನಾದಿದಂಗ ಕೇಳಸ್ತೈತಿ. ದೊಡ್ಡ ಮನಷ್ಯಾ ಆದಿ, ಅದಕ್ಕ ಮರತಿ ಅಂತ ನಾ ತಿಳದೇನಿ. ನಿಪ್ಪಾಣಿ ಬಸ್ ಸ್ಟ್ಯಾಂಡಿನ್ಯಾಗ ಇಬ್ರು ರೈತರು ಮಾತಾಡಾಕತ್ತಿದ್ರು, "ಕಲ್ಲಮಾಯಪ್ಪನ್ನ ಕರಸೋಣು." ನಾ ನಡುವ ಬಾಯಿ ಹಾಕಿ, "ಆಂವ ನನ್ನ ಬೆಂಚಿನ್ಯಾಂವ" ಅಂದ್ನಿ. ನನಗ ಚಹಾ ಕುಡಿಸಿದ್ರು.

ಅರ್ಧಾ ಚಹಾ ಅಲ್ಲೇ ಬಿಟ್ಟ ಎದ್ದ ಬಂದ್ನಿ ನೋಡ. ಯಾಕ ಅಂತ ಭೆಟ್ಟಿ ಆದಾಗ ಹೇಳ್ತೇನಿ.

ತಾತ್ಯಾಸಾಹೇಬ

*

।। ಮಾಯಕ್ಕ ಪ್ರಸನ್ನ ।।

ಚಿಂಚಲಿ
2 ಫೆಬ್ರವರಿ 2009

ಸರ್ ಅವರಿಗೆ ಶರಣು.

ಕಾಗದ ಮುಟ್ಟಿದ್ವು. ಎಲ್ಲಾ ಮುಟ್ಟಿದ್ವು. ಕೆಲಸ ಭಾಳ ಇತ್ರಿ.

ಬರೂ 22ಕ್ಕ ರಾಯಬಾಗದಾಗ ರೈತರು ಕೂಡಿ ನನಗ ಸತ್ಕಾರ ಇಟ್ಟಾರ. ಬ್ಯಾಡ ಅಂದ್ನಿ, ಕೇಳಲಿಲ್ಲ. ಕಲ್ಲ ಕಲಿಸಿದ ಗುರುಗಳನ್ನೂ ಕರಸಬೇಕಂತ ಹಟಾ ಹಿಡದಾರ. ನೀವು ಬಂದ ನಾಕ ಮಾತ ಆಡಬೇಕಂತ.

ಬರೂದು ಬಿಡೂದು ನಿಮ್ಮ ಮನಸ್ಸಿಗೆ ಬಿಟ್ಟದ್ದು.

ಮಾಯಪ್ಪ

*

ಅಕ್ಕೋಳ
1 ಮಾರ್ಚ್ 2009

ಲೇ ಮಾಯಪ್ಪಾ,

ಮುಟ್ಟೇನಿ. ರಾಯಬಾಗದಾಗ ಹೊಚ್ಚಿದ ಶಾಲ ಪೆಟ್ಟಿಗ್ಯಾಗ ಇಟ್ಟೇನಿ. ಜಿನಮತಿ ಅದನ್ನ ಮುಟ್ಟಲಿಲ್ಲ. "ನಿಮ್ಮ ಸುಳ್ಳಿಗೆ ಹೊಚ್ಚಿದ ಶಾಲು, ನೀವ ಒಗದ ಹಾಕ್ರಿ" ಅಂದ್ಳು.

ಸ್ಟೇಜಿನ ಮ್ಯಾಲ ಹತ್ತೂ ತನಕ ನನ್ನ ಕಿಸೇದಾಗ ಒಂದ ಚೀಟಿ ಇತ್ತು. ಅದರಾಗ ಖರೇ ಮಾತ ಬರಕೊಂಡಿದ್ನಿ. ಮೈಕ ಕೈಗೆ ಬಂತು. ಕೆಳಗ ಇನ್ನೂರ ಟೋಪಿಗಿ, ಟ್ರ್ಯಾಕ್ಟರ ಮ್ಯಾಲ ಹತ್ತಿ ಕುಂತ ಮಂದಿ. ಎಲ್ಲಾರೂ ನನ್ನ ಬಾಯಿ ನೋಡಾಕತ್ತಿದ್ರು. ಬಾಯಿ ತನ್ನ ಪಾಡಿಗೆ ತಾನ ಹರೀತು. ಕೃಷ್ಣಾ ನದಿ ಬುಡ ಅಂದ್ನಿ, ದೂಧಗಂಗಾ, ವೇದಗಂಗಾ, ಪಂಚಗಂಗಾ ಟೊಂಗಿ ಅಂದ್ನಿ, ನಕಾಶಾದಾಗ ನೋಡ್ರಿ ಇಡೀ ನಾಡ ಡೆಂಡ್ರೈಟ ಅಂದ್ನಿ. ಚಪ್ಪಾಳಿ. "ಡೆಂಡ್ರೈಟ ತಿಳದಾಂವಗ ದಂಡಿಲ್ಲ, ಎಲ್ಲಾ ರೈಟ" ಅಂದ್ನಿ. ಮತ್ತ ಚಪ್ಪಾಳಿ. ಚೀಟಿ ಕಿಸೇದಾಗ ಬೆವರಿಗೆ ಒದ್ದಿ ಆತು.

ನೀ ಮಾತ್ರ ಚಪ್ಪಾಳಿ ಹೊಡೀಲಿಲ್ಲ. ಮಡಲಾಗ ಕಲ್ಲ ಇಟಗೊಂಡ ನೆಲಾ ನೋಡಾಕತ್ತಿದ್ದಿ. ಸೊಕ್ಕ ಬಂದೈತಿ ಅನಕೊಂಡ್ನಿ, ಸಿಟ್ಟಿಗೆ ಬರಬ್ಯಾಡ. ಒಂದ ಮಾತ ಕೇಳೂದ ಮರತ್ನಿ, ಆ ಕಲ್ಲ ಅಷ್ಟ ಯಾಕ ತೆಳ್ಳಗಾಗೈತಿ? ನಾ ನೋಡಿದಾಗ ಭಕ್ರಿ ಮ್ಯಾಲ ಭಕ್ರಿ ಇಟ್ಟಷ್ಟ ದಪ್ಪ ಇತ್ತು.

ತಾತ್ಯಾಸಾಹೇಬ

*

ಚಿಂಚಲಿ
19 ಮಾರ್ಚ್ 2009

ಸರ್,

ಕೈಯಾಗ ತಿರಗಿ ತಿರಗಿ ಸವದೈತಿ.

ಮಾಯಪ್ಪ

*

।। ಮಾಯಕ್ಕ ಪ್ರಸನ್ನ ।।

ಚಿಂಚಲಿ
28 ಮಾರ್ಚ್ 2014

ತಾತ್ಯಾಸಾಹೇಬ ಸರ್ ಅವರಿಗೆ ಶರಣು.

ನನಗ ಎಪ್ಪತ್ತ ಆದ್ವು. ಬಾಂವಿ ಮೆಟ್ಟಲಾ ಇಳದ್ರ ಮೊಣಕಾಲ ಕಟಕಟ ಅಂತಾವ. ಮಗಾ ಲಖನ ಐ.ಟಿ.ಐ. ಕಲ್ತ ಸಕ್ಕರಿ ಕಾರ್ಖಾನ್ಯಾಗ ಫಿಟ್ಟರ ಅದಾನ. ಈಗ ಅದನ್ನ ಬಿಡ್ತೇನಿ, ನಿನ್ನ ಕಲ್ಲ ನನಗ ಕೊಡು, ನಾ ಮುಂದ ನಡಸ್ತೇನಿ ಅಂತ ಕುಂತಾನ. ಮಂದಿನೂ ಹಂಗ ಅಂತಾರ. ನಾ ಎಷ್ಟ ಹೇಳಿದ್ರೂ ಕೇಳವಲ್ಲ. "ಸರ್ ಬಂದ ಕೊಟ್ರ ತಗೋತೇನಿ, ಸರ್ ಬ್ಯಾಡ ಅಂದ್ರ ಬಿಡ್ತೇನಿ" ಅಂದಾನ.

ಮೇ ಎರಡಕ್ಕ ಬಸವ ಜಯಂತಿ. ಅವತ್ತ ಎಲ್ಲಾರ ಮುಂದ ನಿಮ್ಮ ಕೈಲೆ ಕಲ್ಲ ಅವನ ಕೈಯಾಗ ಹೋಗಲಿ, ಇಲ್ಲಾ ನೀವ ಏನ ಹೇಳೂದೈತಿ ಅದನ್ನ ಹೇಳ್ರಿ. ನೀವ ಬರಾಕ ಬೇಕ್ರಿ.

ಮಾಯಪ್ಪ

*

ಅಕ್ಕೋಳ
6 ಏಪ್ರಿಲ್ 2014

ಮಾಯಪ್ಪಾ,

ಬರಾಕ ಆಗೂದಿಲ್ಲೋ. ಮೊಣಕಾಲ ನನಗೂ ಅದಾವ. ಮ್ಯಾಲ ಬಿಸಲು. ಮ್ಯಾಲ ಜಿನಮತಿಗೆ ಬಿ.ಪಿ. ಮ್ಯಾಲ ಬಸ್ಸು ಬದಲಿ ಮಾಡಬೇಕು.

ಹುಡುಗಗ ಕೆಲಸ ಬಿಡಬ್ಯಾಡ ಅಂತ ಹೇಳು. ಸರ್ ಹೇಳ್ಯಾರಂತ ಹೇಳು. ಫಿಟ್ಟರ ಅಂದ್ರ ಫಿಟ್ ಇರ್ತಾನ. ಕಲ್ಲ ಗುಡ್ಯಾಗ ಇಡ್ರಿ.

ತಾತ್ಯಾಸಾಹೇಬ

*

ಚಿಂಚಲಿ
11 ಏಪ್ರಿಲ್ 2014

ಸರ್,

ಲಖನ ಗಾಡಿ ಮಾಡಕೊಂಡ ಬರ್ತಾನ. ಮನಿ ಬಾಗಲದಾಗಿಂದ ಹತ್ತೂದು, ಇಲ್ಲಿ ಬಾಗಲದಾಗ ಇಳಿಯೂದು. ವೈನಿಯವರನ್ನೂ ಕರಕೊಂಡ ಬರ್ರಿ.

ಕಾರ್ಖಾನೀಗೆ ಚೀಟಿ ಕೊಟ್ಟ ಬಂದಾನ. ಮೇ ಒಂದರಿಂದ ಕೆಲಸ ಇಲ್ಲ.

ಮಾಯಪ್ಪ

*

ಅಕ್ಕೋಳ
18 ಏಪ್ರಿಲ್ 2014

ಮಾಯಪ್ಪ,

ಈ ಕಾಗದ ಪೂರಾ ಓದು. ನಡುವ ಬಿಡಬ್ಯಾಡ.

ಹತ್ತ ವರ್ಷದ ಹಿಂದ ನಾ ಬರದದ್ದು ಮಸ್ಕರಿ. ಏಪ್ರಿಲ್ ಒಂದು. ಆ ದಿನಾ ಮಂದಿ ಒಬ್ರನ್ನೊಬ್ರು ಸುಳ್ಳ ಹೇಳಿ ಮೂರ್ಖರನ್ನ ಮಾಡ್ತಾರ. ಸಾಲ್ಯಾಗ ಪ್ರತಿ ವರ್ಷ ನಾ ಮಾಡ್ತಿದ್ನಿ. ಹೆಡ್ ಮಾಸ್ತರರ ಛತ್ರ್ಯಾಗ ಅಕ್ಕಿ ತುಂಬಿಡೂದು, ಜವಾನ ಗಂಟಿ ಹೊಡಿಯೂ ಮೊದಲ ಗಂಟೀಗೆ ಅರಬಿ ಸುತ್ತೂದು. ಅದನ್ನ ನೀ ಬಲ್ಲಿ ಅಂತ ತಿಳದಿದ್ನಿ. ತಾರೀಖ ನೋಡಂತ ಬರದಿದ್ನಿ, ನೀ ನಕ್ಕ "ಹಾಳಾದ ಮಾಸ್ತರಾ" ಅಂತ ಬೈದ ಕಾಗದ ಹಾಕ್ತಿ ಅಂತ ದಾರಿ ಕಾದ್ನಿ. ನೀ ಗುರುವಾರ ನೋಡಿದಿ.

ಕಲ್ಲಿನ್ಯಾಗ ಗಿಡ ಇಲ್ಲ. ಎಂದೂ ಇರಲಿಲ್ಲ. ಕಲ್ಲಿನ ಸೀಳಿನ್ಯಾಗ ನೀರ ಇಳದಾಗ ಅದರಾಗಿನ ಮ್ಯಾಂಗನೀಸಿನ ಕರೀ ಕಲಿ ಹರದ ನಿಂತೈತಿ. ಗೋಡಿಗೆ ಚಹಾ ಚೆಲ್ಲಿದ್ರ ಹರೀತೈತಲ್ಲ, ಅಷ್ಟ. ಅದಕ್ಕ ಬೇರೂ ಇಲ್ಲ, ದಿಕ್ಕೂ ಇಲ್ಲ. ಚರಿಗಿ, ಮೂರ ಸುತ್ತು, ಎಲ್ಲಾ ನಾ ಕುಂತಲ್ಲೆ ಹುಟ್ಟಿಸಿದ್ದು. ಬರದ ಮುಗಿಸಿ ಜಿನಮತಿಗೆ ಓದಿ ತೋರಿಸಿ ಹೊಟ್ಟಿ ಹಿಡಕೊಂಡ ನಕ್ಕಿದ್ನಿ.

2004ರಾಗ ಅಳಿಸಿದ ಮೂರ ಸಾಲಿನ್ಯಾಗ ಇದ ಇತ್ತು. 2009ರಾಗ ಕಿಸೇದ ಚೀಟ್ಯಾಗೂ ಇದ ಇತ್ತು. ಮೊದಲನೇ ಸಲ ನಿನ್ನ ಹಿಗ್ಗ ಒಡೀಬಾರದಂತ ಬಿಟ್ನಿ ಅಂತ ನನಗ ನಾ ಹೇಳಿಕೊಂಡ್ನಿ. ಅದೂ ಸುಳ್ಳ. ಬೈಸ್ಕೊಳ್ಳಾಕ ಅಂಜಿದ್ನಿ. ಎರಡನೇ ಸಲ ಚಪ್ಪಾಳಿಗೆ ಸೋತ್ನಿ.

ನರದಾಗೂ ಡೆಂಡ್ರೈಟ ಇರ್ತಾವ ಅಂತ ಬರದಿದ್ನೆಲ್ಲ, ಅವುಗಳ ಕೆಲಸ ಏನಂತ ಬರೀಲಿಲ್ಲ. ಬ್ಯಾರೇ ನರ ಹೇಳಿದ್ದನ್ನ ಕೇಳಸ್ಕೊಳ್ಳೂದು ಆ ಟೊಂಗಿ ಕೆಲಸ. ಮುಂದ ಹೇಳಿ ಕಳಸಾಕ ಬ್ಯಾರೇ ಒಂದ ಉದ್ದ ದಂಟ ಐತಿ. ನನ್ನ ತಲ್ಯಾಗ ಹೇಳೂ ದಂಟ ಕಬ್ಬಿನಷ್ಟ ದಪ್ಪ ಬೆಳದೈತಿ. ಕೇಳೂ ಟೊಂಗಿ ಎಂದೋ ಒಣಗ್ಯಾವ. ಕಿವಿ ಹೋದದ್ದು ಆಮ್ಯಾಲ.

ಲಖನನ ಕೈಯಾಗ ಆ ಕಲ್ಲ ಕೊಡಬ್ಯಾಡ. ಕಾರ್ಖಾನೀಗೆ ಹೋಗಿ ಚೀಟಿ ವಾಪಸ ತಗೊಳ್ಳಾಕ ಹೇಳು. ಮಂದಿ ಮುಂದ ಬಂದ ಹೇಳಂತೀಯೇನು, ಬಂದ ಹೇಳ್ತೇನಿ. ನಿನಗ ಮೊದಲ ಹೇಳಬೇಕಿತ್ತು, ಅದಕ್ಕ ಈ ಕಾಗದ.

ತಾತ್ಯಾಸಾಹೇಬ

*

ಅಕ್ಕೋಳ
30 ಏಪ್ರಿಲ್ 2014

ಮಾಯಪ್ಪ,

ಕಾಗದ ಮುಟ್ಟಿತೋ ಇಲ್ಲೋ? ಒಂದ ಕಾರ್ಡ ಹಾಕು. ಬೈದಾದ್ರೂ ಹಾಕು.

ಬಾಗಲದಾಗ ಕುಂತ ಗಾಡಿ ದಾರಿ ನೋಡಾಕತ್ತೇನಿ.

ತಾ.

*

ಅಕ್ಕೋಳ
3 ಮೇ 2014

ಮಾಯಪ್ಪ,

ನಿನ್ನೆ ಗಾಡಿ ಬರಲಿಲ್ಲ. ಜಿನಮತಿ ಸಂಜೀ ತನಕ ಅಡಗಿ ಮಾಡಲಿಲ್ಲ, ನಾನೂ ಕೇಳಲಿಲ್ಲ.

ತಾ.

*

।। ಮಾಯಕ್ಕ ಪ್ರಸನ್ನ ।।

ಚಿಂಚಲಿ
20 ಮೇ 2014

ತಾತ್ಯಾಸಾಹೇಬ ಸರ್ ಅವರಿಗೆ ಶರಣು.

ಕಾಗದ ಮುಟ್ಟೈತಿ. ಲಖನಗ ಓದಿಸಿದ್ನಿ. ಎರಡ ಸಲ ಓದಿಸಿದ್ನಿ. ಆಂವ ಮೂರ ದಿನದ ಮ್ಯಾಲ ಕಾರ್ಖಾನೀಗೆ ಹೋದ. ಸೀಜನ್ ಮುಗದೈತಿ, ಮುಂದ ನೋಡೋಣು ಅಂದಾರಂತ.

ಇನ್ನ ನನ್ನ ಮಾತ ಕೇಳ್ರಿ. ಇದನ್ನ ಬರ್ಯಾಕ ಎಂಟ ದಿನಾ ಹಿಡದೈತಿ.

ಕಲ್ಲಿನ್ಯಾಗ ಬೇರ ಇಲ್ಲಂತ ನನಗ 2004ರಾಗ ಗೊತ್ತಾಗೈತಿ. ನಿಮ್ಮ ಮೊದಲನೇ ಕಾಗದ ಬಂದ ಹದಿನೈದ ದಿನದಾಗ.

ಅಕ್ಕುತಾಯಿ ಬಾಂವ್ಯಾಗ ನಾ ಇಳದಾಗ, ಹಾರಿ ಮೊನಿಲೆ ನಾಕೂ ಕಡೆ ಬಡದ ಕಿವಿ ಹಚ್ಚಿ ಕೇಳಿದ್ನಿ. ನಲವತ್ತ ವರ್ಷ ನಾ ಹಂಗ ಮಾಡಾಂವ. ಒಳಗ ನೀರ ಇದ್ರ ಕಲ್ಲಿನ ದನಿ ಬ್ಯಾರೇ, ತುಂಬಿದ ಕೊಡಾ ಬಡದಂಗ. ಬೆಳಿಗ್ಗೆ ಕಲ್ಲ ಬೆವತಿರ್ತೈತಿ. ನನ್ನ ಕಿವಿ ಮೂಡಲ ಕಡೆ ಅಂತು. ಬಡಗಣ ಕಡೆ ಮುರುಮ ಮಣ್ಣ ಐತಿ, ಸಡಲ ಐತಿ, ಅಂತು. ಮ್ಯಾಲ ಬಂದ ನಿಮ್ಮ ಕಲ್ಲ ತಿರುಗಿಸಿದ್ನಿ. ಬೇರು ಬಡಗಣಕ್ಕ ನಿಂತ್ವು. ಗಂಗಾರಾಮ ಅಂದ, "ಮಾಯಣ್ಣಾ, ಬಡಗಣ ಬ್ಯಾಡೋ, ಅಲ್ಲಿ ಗೋಡಿ ಹಿಡಿಯೂದಿಲ್ಲ." ನಾ ಅವಗ ಬೈದ್ನಿ. "ಲೇ, ಸರ್ ಓದಿದಾವ್ರು. ನಾವ ಕಲ್ಲ ಒಡಿಯಾವ್ರು. ಬಾಯಿ ಮುಚಗೊಂಡ ಇಳಿ" ಅಂದ್ನಿ.

ಆಂವ ಇಳದ. ಹಾಡ ಹಾಡಲಿಲ್ಲ. ಮಶೀನ ಹಚ್ಚಿ ಅರ್ಧಾ ತಾಸ ಆಗಿರಲಿಲ್ಲ, ಬಡಗಣ ಗೋಡಿ ಕುಸೀತು. ಬಲಗಾಲ ಕಲ್ಲಿನ ಕೆಳಗ ಸಿಕ್ಕಿತು. ಮಿರಜದ ದವಾಖಾನಿಗೆ ಒಯ್ದ್ವಿ. ಮೊಣಕಾಲ ಕೆಳಗ ತಗದ್ರು.

ಮನೀಗೆ ಬಂದ ಸಿಟ್ಟಿಲೆ ಕಲ್ಲಿಗೆ ಉಳಿ ಇಟ್ಟ ಸುತ್ತಿಗಿಲೆ ಒಂದ ಪೆಟ್ಟ ಕೊಟ್ನಿ. ಒಡೀಲಿಲ್ಲ, ಪುಸ್ತಕ ತಗದಂಗ ಎರಡ ಹಾಳಿ ಆತು. ಒಳಗಿನ ಎರಡೂ ಮಾರಿ ಮ್ಯಾಲ ಅಂಥಾದ ಒಂದ ಗಿಡ. ತಗದ ಪುಸ್ತಕದಂಗ ಮುಂದ ಇಟ್ನಿ, ಎಡಗಡೆ ಹಾಳ್ಯಾಗ ಬೇರು ಎಡಕ್ಕ, ಬಲಗಡೆ ಹಾಳ್ಯಾಗ ಬೇರು ಬಲಕ್ಕ. ಆವಾಗ ತಿಳೀತು. ಒಂದ ಗಿಡಕ್ಕ ಎರಡ ಕಡೆ ಬೇರ ಇರೂದಿಲ್ಲ. ನೀವು ಕೇಳಿದ್ರೆಲ್ಲ, ಕಲ್ಲ ಯಾಕ ತೆಳ್ಳಗಾಗೈತಿ ಅಂತ. ಅದಕ್ಕ.

ನಾ ನಿಮಗ ಬೈಯಬೇಕಂತ ಜೂನಿನ್ಯಾಗ ಕಾಗದ ಬರ್ಯಾಕ ಕುಂತ್ನಿ. ಬರೀಲಿಲ್ಲ. ನಿಮ್ಮ ಕಾಗದದಾಗ ಬರೇ ಮಾತ ಇದ್ವು. ಅವನ್ನ ಬಾಂವ್ಯಾಗ ಇಳಿಸಿದಾಂವ ನಾನು. "ಗಂಗಾರಾಮ ಮನ್ಯಾಗ ಅದಾನ" ಅಂತ ಅಷ್ಟ ಬರದ್ನಿ. ಯಾಕ ಅಂತ ನೀವ ಕೇಳ್ತೀರಿ ಅನಕೊಂಡ್ನಿ. ಕೇಳಿದ್ರ ಎಲ್ಲಾ ಹೇಳಾಂವ ಇದ್ನಿ. ನೀವು "ಕಾಲ ಕಿತ್ತನೇನ" ಅಂತ ಬರದ್ರಿ. ಎರಡ ಸಲ ಬರದ್ರಿ. ಆ ಕಾಗದ ಮಡಚಿ ಇಟ್ನಿ. ಮುಂದ ಐದ ವರ್ಷ ನನಗ ನಿಮಗ ಬರ್ಯಾಕ ಆಗಲಿಲ್ರಿ.

ಆದ್ರ ಕಲ್ಲ ಯಾಕ ತಿರುಗಿಸಿಕೋತ ಬಂದಿ ಅಂತ ಕೇಳ್ತೀರಿ. ಕಿವಿ ಹಚ್ಚಿ ಕೇಳೇನಿ, ಇಲ್ಲಿ ನೀರ ಐತಿ ಅಂದ್ರ ಯಾರೂ ಮಶೀನ ಹಚ್ಚೂದಿಲ್ಲ. "ನೀ ಯಾವ ಊರ ಎಂಜಿನಿಯರೋ?" ಅಂತಾರ. ಕಲ್ಲ ತಿರುಗಿಸಿ, ತಾತ್ಯಾಸಾಹೇಬ ಸರ್ ಹೇಳ್ಯಾರ, ಡೆಂಡ್ರೈಟ ಅಂದ್ರ ಕೈ ಮುಗೀತಾರ. ಅದಕ್ಕ ಮೊದಲ ಇಳದ ಕೇಳೂದು, ಆಮ್ಯಾಲ ಮ್ಯಾಲ ಬಂದ ಕಲ್ಲ ತಿರುಗಿಸಿ, ಕಿವಿ ಹೇಳಿದ ಕಡೆ ಹೆಬ್ಬಟ್ಟಿಲೆ ಒತ್ತಿ ನಿಂದ್ರಸೂದು. ನೀವೂ ಮಂದೀನ್ನ ಆಡಸಿದ್ರಿ, ನಾನೂ ಆಡಸೇನಿ. ಮಂದೀಗೆ ನೀರ ಸಿಕ್ಕೈತಿ ಅಂತ ನನ್ನ ಪಾಪ ಕಡಿಮಿ ಆಗೂದಿಲ್ಲ. ಪ್ರತಿ ಗುರುವಾರ ಉಪಾಸ ಇರ್ತೇನಲ್ಲ, ಅದು ಕಲ್ಲಿಗೆ ಅಲ್ರಿ. ಗಂಗಾರಾಮ ಬಿದ್ದದ್ದು ಗುರುವಾರ.

ಲಖನಗ ಕಲ್ಲ ಕೊಡಲಿಲ್ಲ. ಹಾರಿ ಕೊಟ್ನಿ. ನಿನ್ನೆ ಬಾಂವ್ಯಾಗ ಇಳಸಿ, "ಬಡಿ, ಕಿವಿ ಹಚ್ಚು, ಏನ ಕೇಳಸ್ತೈತಿ?" ಅಂದ್ನಿ. "ಏನೂ ಇಲ್ಲೋ ಅಪ್ಪಾ" ಅಂದ. "ನನಗೂ ಮೊದಲ ಎರಡ ವರ್ಷ ಏನೂ ಕೇಳಸ್ತಿರಲಿಲ್ಲ" ಅಂದ್ನಿ.

ಗಂಗಾರಾಮಗ ನಿಮ್ಮ ಮಸ್ಕರಿ ಸುದ್ದಿ ಹೇಳಿಲ್ರಿ. ತಪ್ಪ ನಂದ ಅಂತ ಹೇಳೇನಿ. ಆಂವ ಕಾಗವಾಡದಾಗ ಹಿಟ್ಟಿನ ಗಿರಣ್ಯಾಗ ಕುಂತ ಬೀಸತಾನ. ಕಲ್ಲಿನ ಎರಡೂ ಹಾಳಿ ಕಂಡಕ್ಟರನ ಕೈಯಾಗ ಕಳಸೇನಿ. ಅವನ ಮುಂದ ಇಟ್ಟು ನೀವ ಹೇಳ್ರಿ. ಇದೊಂದನ್ನ ನಾ ನಿಮ್ಮ ಹೆಸರಿಲೆ ಹೇಳೂದಿಲ್ಲ.

ನಿಮ್ಮ
ಮಾಯಪ್ಪ

*

ಅಕ್ಕೋಳ
8 ಜೂನ್ 2014

ಮಾಯಪ್ಪ,

ಕಾಗವಾಡಕ್ಕ ಹೋಗಿ ಬಂದ್ನಿ. ಜಿನಮತಿ ಸಂಗಾಟ ಬರ್ತೇನಿ ಅಂದ್ಳು, ಬ್ಯಾಡ ಅಂದ್ನಿ. ಬಸ್ಸಿನ್ಯಾಗ ಕಲ್ಲ ತೊಡಿ ಮ್ಯಾಲ ಇಟಗೊಂಡ ಕುಂತಿದ್ನಿ. ಕಂಡಕ್ಟರ ತಿಕೀಟ ಕೇಳಿದ. ಎರಡ ತಿಕೀಟ ಕೊಡಪಾ ಅಂದ್ನಿ, ಒಂದ ನಂದು, ಒಂದ ಕಲ್ಲಿಂದು. "ಕಲ್ಲಿಗೆ ಎಲ್ಲಿ ತಿಕೀಟ್ರಿ ಅಜ್ಜಾ?" ಅಂತ ನಕ್ಕ. ನಾ ಮಸ್ಕರಿ ಮಾಡಾಕತ್ತೇನಿ ಅನಕೊಂಡ.

ಗಿರಣಿ ಬಸ್ ಸ್ಟ್ಯಾಂಡ ಹಿಂದ ಐತಿ. ಗಂಗಾರಾಮ ಮಣಿ ಮ್ಯಾಲ ಕುಂತಿದ್ದ, ಮೈ ತುಂಬ ಹಿಟ್ಟು, ಹುಬ್ಬ ಸೈತ ಬೆಳ್ಳಗ. ಕಟಗೀ ಕಾಲ ಬಾಜೂಕ ಗೋಡಿಗೆ ಆನಸಿ ಇಟ್ಟಿದ್ದ. ಐದಾರ ಮಂದಿ ಹೆಣ್ಮಕ್ಕಳು ಜ್ವಾಳದ ಡಬ್ಬಿ ಇಟಗೊಂಡ ಪಾಳೇಕ ನಿಂತಿದ್ರು. ನನ್ನ ಗುರ್ತ ಹಿಡದ. "ಮಾಯಣ್ಣನ ಸರ್ ಅಲ್ರಿ? ಬರ್ರಿ ಬರ್ರಿ" ಅಂದನಂತ ಕಾಣತೈತಿ, ತುಟಿ ನೋಡಿ ತಿಳಕೊಂಡ್ನಿ. ಗಿರಣಿ ಗದ್ದಲದಾಗ ನನಗ ಏನ ಕೇಳಸಬೇಕು? ಒಂದ ಹೇಳೂದೈತಿ ಅಂತ ಒದರಿದ್ನಿ. ನನ್ನ ಕಿವಿ ತೋರಿಸಿದ್ನಿ.

ಆಂವ ಕೈ ಚಾಚಿ ಗಿರಣಿ ಬಂದ ಮಾಡಿಬಿಟ್ಟ.

ಎಲ್ಲಾ ಸುಮ್ಮನಾತು. ಪಾಳೇದಾಗಿನ ಹೆಣ್ಮಕ್ಕಳೂ ಬಂದ ಸುತ್ತ ನಿಂತ್ರು. ಎಲ್ಲಾರೂ ನನ್ನ ಬಾಯಿ ನೋಡಾಕತ್ತಿದ್ರು. ಕಿವುಡ ಮನಷ್ಯಾಗ ಸಣ್ಣ ದನಿಲೆ ಮಾತಾಡಾಕ ಬರೂದಿಲ್ಲ. ನಾ ಒದರಕೋತನ ಹೇಳಿದ್ನಿ. ಏಪ್ರಿಲ್ ಒಂದು ಹೇಳಿದ್ನಿ. ಚರಿಗಿ, ಮೂರ ಸುತ್ತ, ಬೇರು ಹೇಳಿದ್ನಿ. ನೀ ಗುರುವಾರ ನೋಡಿದ್ದ ಹೇಳಿದ್ನಿ. "ಕಾಲ ಕಿತ್ತನೇನ" ಅಂತ ಬರದದ್ದೂ ಹೇಳಿದ್ನಿ, ಅದನ್ನ ಬಿಡಬೇಕಂತ ನಾಲಿಗಿ ಭಾಳ ಎಳದಾಡಿತು, ಬಿಡಲಿಲ್ಲ.

ಗಂಗಾರಾಮ ಎರಡೂ ಹಾಳಿ ಕೈಯಾಗ ತಗೊಂಡ. ಮುಚ್ಚಿದ, ತಗದ, ಮುಚ್ಚಿದ, ತಗದ. ಹಿಟ್ಟಿನ ಬೆರಳಿಲೆ ಟೊಂಗಿ ಮ್ಯಾಲ ಸವರಿದ. ಕರೀ ಗೆರಿ ಮ್ಯಾಲ ಹಿಟ್ಟ ಕುಂತು ಗಿಡ ಮಸಕ ಆತು. "ಚಂದ ಐತ್ರಿ" ಅಂದ.

ಆಮ್ಯಾಲ ನನ್ನ ಮಾರಿ ನೋಡಿದ. ಸಿಟ್ಟ ಇರಲಿಲ್ಲೋ ಮಾಯಪ್ಪ. ಇದ್ದಿದ್ರ ಛಲೋ ಇತ್ತು. ಸಾಲ್ಯಾಗ ಲೆಕ್ಕ ತಿಳೀದ ಹುಡುಗೂರು ಎದ್ದ ನಿಂತ ಕೇಳ್ತಿದ್ರಲ್ಲ, ಹಂಗ ಕೇಳಿದ:

"ಸರ್, ಇದರಾಗ ನಗೂದು ಯಾವ ಜಾಗಾದಾಗ ಬರ್ತೈತ್ರಿ?"

ಹತ್ತ ವರ್ಷದಾಗ ನನಗ ಇಷ್ಟ ಸ್ವಚ್ಛ ಒಂದ ಮಾತೂ ಕೇಳಸಿರಲಿಲ್ಲ.

ನಾ ಹುಡುಕಿದ್ನಿ. ಖರೇನ ಹುಡುಕಿದ್ನಿ, ಮೊದಲನೇ ಸಾಲಿನಿಂದ. ಆಂವ ದಾರಿ ನೋಡಿದ. ಹೆಣ್ಮಕ್ಕಳೂ ನೋಡಿದ್ರು. ಕಡೀಕ ಒಬ್ಬಾಕಿ "ಗಂಗಣ್ಣಾ, ಹೊತ್ತಾತೋ" ಅಂದ್ಳು. ಆಂವ ಕಲ್ಲ ನನ್ನ ಕೈಯಾಗ ಇಟ್ಟು ಗಿರಣಿ ಚಾಲೂ ಮಾಡಿದ.

ತಾತ್ಯಾಸಾಹೇಬ